ಕಂಪನಿ ಕೈ ಬದಲಾದರೆ ಹಳೆ ಪಾಲಿಸಿ ರದ್ದಾಗುತ್ತದೆಯೇ?

ಅಮೆರಿಕದ ಸಣ್ಣ ವಿಮಾ ಕಂಪನಿಯನ್ನು ದೊಡ್ಡದೊಂದು ಕೊಂಡರೆ ಹಳೆ ಪಾಲಿಸಿಗಳೆಲ್ಲ ರದ್ದು ಅನ್ನುವ ಮೆಸೇಜ್ ಅಲ್ಲಿರುವ ನಮ್ಮವರಿಗೂ ಬರುತ್ತಿರುತ್ತದೆ. ಕಳಿಸುವವರು ಕಾಳಜಿಯಿಂದಲೇ ಕಳಿಸುತ್ತಾರೆ, ಆದರೆ ಅದು ತಪ್ಪು.

ವಿಲೀನವಾದರೆ ಹಳೆ ಕಂಪನಿಯ ಹೊಣೆಯೆಲ್ಲ ಹೊಸದಕ್ಕೆ ಸೇರುತ್ತದೆ. ಬರೀ ಮಾಲೀಕರು ಬದಲಾದರೆ ಪಾಲಿಸಿ ಕೊಟ್ಟ ಕಂಪನಿ ಹಾಗೇ ಉಳಿಯುತ್ತದೆ. 1945ರ ಮೆಕ್‌ಕ್ಯಾರನ್-ಫರ್ಗುಸನ್ ಕಾಯ್ದೆಯಂತೆ ಅಲ್ಲಿ ವಿಮೆಯ ಮೇಲ್ವಿಚಾರಣೆ ಮುಖ್ಯವಾಗಿ ರಾಜ್ಯಗಳದ್ದು, ಹಾಗಾಗಿ ಇಂಥ ಖರೀದಿಗೆ ರಾಜ್ಯದ ವಿಮಾ ಇಲಾಖೆಯ ಒಪ್ಪಿಗೆ ಬೇಕು. ಕಾರು, ಮನೆ ವಿಮೆಯನ್ನು ಅವಧಿ ಮುಗಿದ ಮೇಲೆ ಕಂಪನಿ ನವೀಕರಿಸದೆ ಇರಬಹುದು, ಆದರೆ ಅದಕ್ಕೂ ಅದು ಗ್ರಾಹಕರಿಗೆ ಮೊದಲೇ ನೋಟಿಸ್ ಕೊಡಬೇಕು.

ಅನುಮಾನ ಬಂತಾ? ಪಾಲಿಸಿಯ ಮೇಲಿರುವ ಕಂಪನಿ ಹೆಸರನ್ನು ಆ ರಾಜ್ಯದ ವಿಮಾ ಇಲಾಖೆಯ ವೆಬ್‌ಸೈಟಿನಲ್ಲಿ ಹುಡುಕಿ, ಇಲ್ಲವೇ ಫೋನ್ ಮಾಡಿ ಕೇಳಿ. ಗಾಬರಿಯಲ್ಲಿ ಸುಮ್ನೆ ಪ್ರೀಮಿಯಂ ನಿಲ್ಲಿಸಬೇಡಿ, ಪಾಲಿಸಿ ನಿಜವಾಗಿ ಕೈತಪ್ಪುವುದು ಆಗಲೇ.