ವೆರಿಟಿ ಲ್ಯಾಂಬರ್ಟ್ ಪಟ್ಟು ಹಿಡಿಯದೇ ಇದ್ದಿದ್ದರೆ

1958ರ ನವೆಂಬರ್. ಬ್ರಿಟನ್ನಿನ ಟೀವಿಯಲ್ಲಿ ನಾಟಕವೊಂದು ನೇರ ಪ್ರಸಾರ ಆಗುತ್ತಿದೆ. ನಡುವೆಯೇ ನಟ ಗ್ಯಾರೆತ್ ಜೋನ್ಸ್ ಕುಸಿದು ಬಿದ್ದು ತೀರಿಕೊಂಡರು. ಪ್ರಸಾರ ನಿಲ್ಲಿಸುವಂತಿಲ್ಲ. ಉಳಿದ ನಟರಿಗೆ ದಾರಿ ಹೇಳಲು ನಿರ್ದೇಶಕ ಟೆಡ್ ಕಾಚೆಫ್ ಫ್ಲೋರ್‌ಗೆ ಓಡಿದರು. ಕಂಟ್ರೋಲ್ ರೂಮಿನಲ್ಲಿ ಕ್ಯಾಮೆರಾಗಳನ್ನು ನಡೆಸಿದ್ದು ಪ್ರೊಡಕ್ಷನ್ ಅಸಿಸ್ಟೆಂಟ್ ಆಗಿದ್ದ ವೆರಿಟಿ ಲ್ಯಾಂಬರ್ಟ್. ಆಗಿನ್ನೂ ಇಪ್ಪತ್ತರ ಹರೆಯ.

1963ರಲ್ಲಿ ಬಿಬಿಸಿ ನಾಟಕ ವಿಭಾಗದ ಮುಖ್ಯಸ್ಥ ಸಿಡ್ನಿ ನ್ಯೂಮನ್, ಲ್ಯಾಂಬರ್ಟ್ ಅವರನ್ನು ಅಲ್ಲಿಗೆ ಕರೆಸಿ, ಕಾಲದಲ್ಲಿ ಹಿಂದೆಮುಂದೆ ಪಯಣಿಸುವವನ ಕಥೆಯ ಹೊಸ ಧಾರಾವಾಹಿ ‘ಡಾಕ್ಟರ್ ಹೂ’ ನಿರ್ಮಾಣ ವಹಿಸಿದರು. ನಾಟಕ ವಿಭಾಗದಲ್ಲಿ ಆಗ ಇದ್ದ ಒಬ್ಬರೇ ಮಹಿಳಾ ನಿರ್ಮಾಪಕಿ ಅವರು. ಮೊದಲ ಕಂತಿನ ನಿರ್ದೇಶಕ ವಾರಿಸ್ ಹುಸೇನ್ ನಮ್ಮ ಲಕ್ನೋದಲ್ಲಿ ಹುಟ್ಟಿದವರು. ಕಚೇರಿ ತುಂಬ ಹಿರಿಯ ಬಿಳಿ ಗಂಡಸರೇ ಇದ್ದ ಕಾಲದಲ್ಲಿ ಈ ಇಬ್ಬರಿಗೆ ಕೊಟ್ಟಿದ್ದು ಇಕ್ಕಟ್ಟಾದ ಲೈಮ್ ಗ್ರೋವ್ ಸ್ಟುಡಿಯೋ. ಮೊದಲ ಸಲ ಚಿತ್ರಿಸಿದ್ದು ನ್ಯೂಮನ್‌ಗೆ ಒಪ್ಪಿಗೆಯಾಗದೆ ಮತ್ತೆ ಚಿತ್ರಿಸಬೇಕಾಯಿತು. ನವೆಂಬರ್ 23ರಂದು ಪ್ರಸಾರವಾದಾಗ ಕೆನಡಿ ಹತ್ಯೆಯಾಗಿ ಒಂದೇ ದಿನ.

ನನಗೆ ಲ್ಯಾಂಬರ್ಟ್ ದೊಡ್ಡವರಾಗಿ ಕಾಣುವುದು ಇದರ ನಂತರದ ಜಗಳದಲ್ಲಿ. ಮಕ್ಕಳಿಗೆ ಅಗ್ಗದ ರಾಕ್ಷಸರನ್ನು ತೋರಿಸಕೂಡದು ಅಂತ ನ್ಯೂಮನ್ ಮೊದಲೇ ಹೇಳಿದ್ದರು. ಬರಹಗಾರ ಟೆರಿ ನೇಷನ್ ಬರೆದು ತಂದಿದ್ದೋ ಡಾಲೆಕ್‌ಗಳು, ಲೋಹದ ಕವಚದೊಳಗಿನ ಕ್ರೂರ ಜೀವಿಗಳು! ನ್ಯೂಮನ್ ಕೆಂಡಾಮಂಡಲ. ಕೆಲಸ ಕೊಟ್ಟ ದಣಿಯೇ ಎದುರು ನಿಂತರೂ ಲ್ಯಾಂಬರ್ಟ್ ಕಥೆಯನ್ನು ಬಿಟ್ಟುಕೊಡಲಿಲ್ಲ. ಪ್ರಸಾರವಾದದ್ದೇ ತಡ, ಮಕ್ಕಳು ಬೀದಿಬೀದಿಯಲ್ಲಿ ಡಾಲೆಕ್ ಆಟ ಆಡತೊಡಗಿದರು. ಆ ಕಾರ್ಯಕ್ರಮ ಉಳಿದುಕೊಂಡದ್ದೇ ಅದರಿಂದ. ದುಡ್ಡಿನ ಲೆಕ್ಕ, ವೇಳಾಪಟ್ಟಿ ನೋಡಿಕೊಳ್ಳುವವರು ಬೇಕಾದಷ್ಟು ಸಿಗುತ್ತಾರೆ. ತಾನು ನಂಬಿದ ಬರಹಕ್ಕೆ ಹೀಗೆ ಬೆನ್ನು ಕೊಟ್ಟು ನಿಲ್ಲುವವರನ್ನೇ ನಾನು ನಿರ್ಮಾಪಕರು ಅನ್ನುವುದು.

ಮುಂದೆಯೂ ಅವರು ಹಾಗೇ ಇದ್ದರು. ಸಲಿಂಗಿ ಅಂತ ಮುಚ್ಚಿಡದೆ ಬದುಕಿದ ಕ್ವೆಂಟಿನ್ ಕ್ರಿಸ್ಪ್ ಕಥೆಯನ್ನು ಬಿಬಿಸಿ ಬೇಡ ಅಂದಿತ್ತು. ಲ್ಯಾಂಬರ್ಟ್ ನಾಟಕ ವಿಭಾಗದ ಮುಖ್ಯಸ್ಥೆಯಾಗಿದ್ದ ಥೇಮ್ಸ್ ಟೆಲಿವಿಷನ್ 1975ರಲ್ಲಿ ಅದನ್ನು ತೆರೆಗೆ ತಂದಿತು, ಕ್ರಿಸ್ಪ್ ಪಾತ್ರ ಮಾಡಿದ ಜಾನ್ ಹರ್ಟ್‌ಗೆ ಬ್ರಿಟನ್ನಿನ ಬಾಫ್ಟಾ ಪ್ರಶಸ್ತಿ ಬಂತು. ಯೂಸ್ಟನ್ ಫಿಲ್ಮ್ಸ್‌ನಲ್ಲಿದ್ದಾಗ ಲಿಂಡಾ ಲಾ ಪ್ಲಾಂಟ್ ಬರೆದ ‘ವಿಡೋಸ್’ ಬಂತು. ದರೋಡೆ ಕಥೆಯಲ್ಲಿ ಹೆಂಗಸರೇ ಮುಂದಾಳುಗಳು. ಆಮೇಲೆ ಸ್ವಂತ ಕಂಪನಿ, ಸಿನಿಮಾ ವೆರಿಟಿ. ಮೆರಿಲ್ ಸ್ಟ್ರೀಪ್ ನಟಿಸಿದ ‘ಎ ಕ್ರೈ ಇನ್ ದ ಡಾರ್ಕ್’ ಅವರದ್ದೇ.

1992ರಲ್ಲಿ ಬಿಬಿಸಿಗೆ ಮಾಡಿಕೊಟ್ಟ ‘ಎಲ್ಡೊರಾಡೊ’ ಧಾರಾವಾಹಿ ಮಾತ್ರ ನೆಲಕಚ್ಚಿತು, ವರ್ಷದಲ್ಲೇ ನಿಂತಿತು. ಪತ್ರಿಕೆಗಳು ಹರಿದು ಹಾಕಿದವು. ಅರವತ್ತರ ಹತ್ತಿರದಲ್ಲಿ ಅಂಥ ಪೆಟ್ಟು ತಿಂದ ಎಷ್ಟೋ ಜನ ಮನೆ ಸೇರುತ್ತಾರೆ. ಅವರು 1998ರಲ್ಲಿ ‘ಜೊನಾಥನ್ ಕ್ರೀಕ್’ ಎಂಬ ಪತ್ತೇದಾರಿ ಧಾರಾವಾಹಿಯನ್ನು ಅದರ ಎರಡನೇ ಸರಣಿಯಿಂದ ಕೈಗೆತ್ತಿಕೊಂಡು ಅದೇ ಬಿಬಿಸಿಯಲ್ಲಿ ಗೆದ್ದರು.