ಸಭ್ಯ ಸೇನಾನಿಯೂ ಅವನ ಒಡೆಯನೂ

ಬೆಳಿಗ್ಗೆಯಿಂದ ಯಾವ ಗ್ರೂಪ್ ತೆರೆದರೂ ಅದೇ ರೀಲ್. ಮರಳುಗಾಡು, ಟ್ಯಾಂಕು, ಕಿವಿಗಡಚಿಕ್ಕುವ ಸಂಗೀತ. ಹಿಟ್ಲರನ ಸೈನ್ಯದಲ್ಲೂ ಒಬ್ಬ ಅಪ್ಪಟ ಸಜ್ಜನ ಇದ್ದ, ಅವನೇ ಎರಡನೇ ಮಹಾಯುದ್ಧದಲ್ಲಿ ಉತ್ತರ ಆಫ್ರಿಕಾದಲ್ಲಿ ಕಾದಾಡಿದ ಜರ್ಮನ್ ಸೇನಾನಿ ರೋಮೆಲ್ ಅಂತ ಒಬ್ಬ ಗಂಟಲು ಹರಿದುಕೊಳ್ಳುತ್ತಾನೆ. ಯುದ್ಧದ ಇತಿಹಾಸ ನನ್ನ ಹುಚ್ಚು ಅಂತ ನಿಮಗೆಲ್ಲ ಗೊತ್ತು. ಅದಕ್ಕೇ ಎಲ್ಲರೂ ನನಗೇ ಕಳಿಸಿದ್ದೀರಿ. ಥ್ಯಾಂಕ್ಸ್.

ಒಳ್ಳೆಯ ಸೇನಾನಿ ಹೌದು. ಇಲ್ಲ ಅಂದವರ್ಯಾರು? 1942ರ ಜನವರಿಯಲ್ಲಿ ಬ್ರಿಟಿಷ್ ಪ್ರಧಾನಿ ಚರ್ಚಿಲ್ಲನೇ ಪಾರ್ಲಿಮೆಂಟಿನಲ್ಲಿ ಹೊಗಳಿದ್ದ. (ಹೊಡೆತ ತಿನ್ನುತ್ತಿರುವವನು ಎದುರಾಳಿಯನ್ನು ದೊಡ್ಡವನು ಅನ್ನದೆ ಇನ್ನೇನು ಅಂದಾನು, ಅದು ಬೇರೆ ಮಾತು.) ಆದರೆ ರೋಮೆಲ್ ಆ ಜಾಣತನವನ್ನೆಲ್ಲ ಯಾರಿಗಾಗಿ ಸವೆಸಿದ?

1939ರಲ್ಲಿ ಹಿಟ್ಲರನ ಬೆಂಗಾವಲು ಪಡೆಗೆ ಅವನೇ ಮುಖ್ಯಸ್ಥ. ಕಾಲಾಳು ಪಡೆಯ ಅಧಿಕಾರಿ, ಆದರೂ ಮರುವರ್ಷ ಹಿಟ್ಲರನ ಕೃಪೆಯಿಂದ 7ನೇ ಪಾಂಜರ್ (ಟ್ಯಾಂಕ್) ಡಿವಿಷನ್ನೇ ಸಿಕ್ಕಿತು. 1942ರ ಜೂನ್‌ನಲ್ಲಿ ಬ್ರಿಟಿಷರ ಕೈಯಲ್ಲಿದ್ದ ಲಿಬಿಯಾದ ಬಂದರು ಟೊಬ್ರುಕ್ ಹಿಡಿದ. ಸೆರೆಸಿಕ್ಕವರು ಮೂವತ್ತು ಸಾವಿರಕ್ಕೂ ಜಾಸ್ತಿ, ಅದರಲ್ಲಿ ಒಂದು ಇಂಡಿಯನ್ ಬ್ರಿಗೇಡೂ ಇತ್ತು. ಮರುದಿನವೇ ಫೀಲ್ಡ್ ಮಾರ್ಷಲ್! ಒಡೆಯನಿಗೆ ಬೇಡವಾದವನಿಗೆ ಇಷ್ಟು ಬೇಗ ಬಡ್ತಿ ಸಿಗುತ್ತದಾ?

ಸಭ್ಯವಾಗಿ ಕಾದಾಡಿದ ಅಂತಾರೆ. ಸೆರೆಸಿಕ್ಕ ಕಮಾಂಡೋಗಳನ್ನು ಕೊಲ್ಲಬೇಕೆಂಬ ಹಿಟ್ಲರನ ಆಜ್ಞೆಯನ್ನು ಪಾಲಿಸಲಿಲ್ಲ, ಒಪ್ಪಿದೆ. ಆದರೆ ಟೊಬ್ರುಕ್ ಬಿದ್ದ ಅದೇ 1942ರ ಬೇಸಿಗೆಯಲ್ಲಿ ವಾಲ್ಟರ್ ರೌಫ್ ಎಂಬ ಅಧಿಕಾರಿಯ ಎಸ್‌ಎಸ್ (ನಾಜಿ ಪಕ್ಷದ ಸಶಸ್ತ್ರ ಪಡೆ) ತಂಡ ಅಥೆನ್ಸಿನಲ್ಲಿ ಕಾಯುತ್ತಿತ್ತು. ಯಾಕೆ ಗೊತ್ತಾ? ಇವನ ಸೈನ್ಯದ ಬೆನ್ನಿಗೇ ಹೋಗಿ ಯಹೂದಿಗಳನ್ನು ಮುಗಿಸೋಕೆ. ಈಜಿಪ್ಟಿನ ಎಲ್ ಅಲಮೇನ್‌ನಲ್ಲಿ ಬ್ರಿಟಿಷರೂ ಅವರ ಜೊತೆಗಿದ್ದ ನಮ್ಮ ಹುಡುಗರೂ ತಡೆಯದಿದ್ದರೆ? ಅವನಿಗೆ ಗೊತ್ತಿತ್ತೋ ಇಲ್ಲವೋ, ದಾರಿ ಮಾಡಿಕೊಡುತ್ತಿದ್ದುದು ಅವನ ಟ್ಯಾಂಕುಗಳೇ.

ಅಲ್ಲಾ ಸ್ವಾಮಿ, ಹಿಟ್ಲರನೇ ಅವನನ್ನು ಸಾಯಿಸಿದನಲ್ಲ ಅಂತೀರಿ. ಸಾಯಿಸಿದ. 1944ರ ಅಕ್ಟೋಬರ್ 14ರಂದು ಇಬ್ಬರು ಜನರಲ್‌ಗಳು ಮನೆಗೇ ವಿಷ ತಂದರು. ಆಮೇಲೆ ಸರ್ಕಾರಿ ಗೌರವದ ಅಂತ್ಯಕ್ರಿಯೆ ಬೇರೆ! ಆ ಜುಲೈನಲ್ಲಿ ಹಿಟ್ಲರನನ್ನೇ ಕೊಲ್ಲಲು ನಡೆದ ಬಾಂಬ್ ಸಂಚಿನಲ್ಲಿ ಅವನ ಪಾತ್ರ ಎಷ್ಟು ಅಂತ ಇತಿಹಾಸಕಾರರು ಇನ್ನೂ ಜಗಳವಾಡುತ್ತಿದ್ದಾರೆ. ಇರಲಿ, ಸೇರಿದ್ದ ಅಂತಲೇ ಇಟ್ಟುಕೊಳ್ಳೋಣ. ಫ್ರಾನ್ಸಿನ ನಾರ್ಮಂಡಿ ಕೈಜಾರುವಾಗ ಹುಟ್ಟಿದ ಬುದ್ಧಿ ಟೊಬ್ರುಕ್ ಗೆದ್ದ ದಿನ ಎಲ್ಲಿತ್ತು?

ಇಷ್ಟು ಬಯ್ದರೂ ಒಂದು ಹೇಳಿಬಿಡುತ್ತೇನೆ. ಟೊಬ್ರುಕ್‌ಗೆ ದಾರಿ ಮಾಡಿಕೊಟ್ಟ ಗಜಾಲಾ ಯುದ್ಧದ ನಕ್ಷೆ ಹರಡಿಕೊಂಡು ಕೂತರೆ ನನಗೂ ಮೈ ಜುಮ್ ಅನ್ನುತ್ತದೆ. ಸಿಟ್ಟು ಜಾಸ್ತಿ ಬರೋದೂ ಅದಕ್ಕೇ.

ಜರ್ಮನಿಯ ಆಗುಸ್ಟ್‌ಡಾರ್ಫ್‌ನ ಸೇನಾ ಬ್ಯಾರಕ್‌ಗೆ ಇಂದಿಗೂ ಅವನದೇ ಹೆಸರು. ಹುಟ್ಟೂರು ಹೈಡೆನ್‌ಹೈಮ್‌ನಲ್ಲಿ 1961ರಲ್ಲೇ ಸ್ಮಾರಕ ಎದ್ದಿತ್ತು. ಅದನ್ನು ಕೆಡವಲಿಲ್ಲ. 2020ರಲ್ಲಿ ಅದರ ಮುಂದೆ ಊರುಗೋಲು ಹಿಡಿದ, ನೆಲಬಾಂಬಿಗೆ ಸಿಕ್ಕವನ ಆಕೃತಿ ನಿಲ್ಲಿಸಿದರು. ಈಜಿಪ್ಟಿನಲ್ಲಿ ಇವನ ಸೈನ್ಯ ಹೂತಿಟ್ಟ ಲಕ್ಷಗಟ್ಟಲೆ ಮೈನ್‌ಗಳು ಯುದ್ಧ ಮುಗಿದ ಮೇಲೂ ಜನರ ಕೈಕಾಲು ಕಿತ್ತಿವೆ. ಅಲ್ಲಿ ಕಾಲು ಕಳೆದುಕೊಂಡ ಬೆದುಯಿನ್ (ಮರಳುಗಾಡಿನ ಅಲೆಮಾರಿ) ಕುರಿಗಾಹಿಗೆ ಯಾರಾದರೂ ಈ ಸಭ್ಯ ಯುದ್ಧದ ಕತೆ ಹೇಳಿ ಬನ್ನಿ. ಟಿಕೆಟ್ ನಾನೇ ಮಾಡಿಸಿಕೊಡುತ್ತೇನೆ.