ಕೆಡವುವ ಮೊದಲು ತೊಲೆಯ ತುದಿ ನೋಡಿ

ಮೈಸೂರಿನ ದೇವರಾಜ ಮಾರುಕಟ್ಟೆ ಶಿಥಿಲವಾಗಿದೆ, ಕೆಡವಿ ಅದೇ ರೂಪದಲ್ಲಿ ಕಟ್ಟಿದರೆ ಪರಂಪರೆ ಉಳಿದಂತೆಯೇ ಎಂಬ ವಾದವಿದೆ. ಒಪ್ಪಲಾಗದು. 2012ರಲ್ಲಿ ಅದೇ ಊರಿನ ಹಳೆಯ ಲ್ಯಾನ್ಸ್‌ಡೌನ್ ಕಟ್ಟಡದ ಒಂದು ಭಾಗ ಕುಸಿದು ಜೀವಹಾನಿಯಾಯಿತು, 2016ರಲ್ಲಿ ಮಾರುಕಟ್ಟೆಯ ಉತ್ತರ ದ್ವಾರದ ಕಡೆಯ ಭಾಗ ಬಿತ್ತು, ಭಯ ಸುಳ್ಳಲ್ಲ. ಆದರೆ ಸುಣ್ಣದ ಗಾರೆಯ ಕಟ್ಟಡ ಬರೀ ವಯಸ್ಸಾಗಿ ಬೀಳುವುದಿಲ್ಲ, ನೀರಿಳಿದು ಬೀಳುತ್ತದೆ.

ಇಂಥ ಹಳೆಯ ಕಟ್ಟಡಗಳ ಚಾವಣಿಯಾದ ಮದ್ರಾಸ್ ತಾರಸಿಯಲ್ಲಿ ಮರದ ತೊಲೆಗಳ ಮೇಲೆ ತೆಳು ಇಟ್ಟಿಗೆಗಳನ್ನು ಅಂಚಿನ ಮೇಲೆ ನಿಲ್ಲಿಸಿ, ಓರೆಯಾಗಿ, ಸುಣ್ಣದ ಗಾರೆಯಲ್ಲಿ ಕೂರಿಸಿರುತ್ತಾರೆ. ಮೇಲೆ ಇಟ್ಟಿಗೆ ಜಲ್ಲಿ, ಸುಣ್ಣದ ಪದರ. ಮಳೆನೀರಿನ ಕೊಳವೆ ಕಟ್ಟಿಕೊಂಡರೆ ಮೊದಲು ಕೊಳೆಯುವುದು ಗೋಡೆಯೊಳಗಿರುವ ತೊಲೆಯ ತುದಿ. ಕೆಳಗಿನಿಂದ ನೋಡಿದವರಿಗೆ ತೊಲೆ ಗಟ್ಟಿಯಾಗೇ ಕಾಣುತ್ತದೆ! ಗೋಡೆಯ ಅಂಚಿನಲ್ಲೇ ಉಳಿಯಿಂದ ಚುಚ್ಚಿ ನೋಡಬೇಕು. ಪುಡಿ ಉದುರಿದರೆ ಕೆಳಗೆ ಆಸರೆ ಕೊಟ್ಟು, ಕೆಟ್ಟಷ್ಟು ಭಾಗ ಕತ್ತರಿಸಿ ಹೊಸ ಮರ ಜೋಡಿಸಬಹುದು. ಸೋರುತ್ತದೆಂದು ಸಿಮೆಂಟ್ ಬಳಿಯುವುದೇ ದೊಡ್ಡ ತಪ್ಪು: ಸುಣ್ಣದ ಗೋಡೆ ತೇವವನ್ನು ಹೊರಬಿಡಬೇಕು, ಸಿಮೆಂಟ್ ಅದನ್ನು ಒಳಗೇ ಕೂಡಿಹಾಕುತ್ತದೆ.

ಕಟ್ಟಡಕ್ಕಿಂತ ಬೇಗ ಅಳಿಯುವುದು ಅಂಗಡಿಗಳ ಸಾಲು. ಹೂವಿನವರು, ವೀಳ್ಯದೆಲೆಯವರು, ಬಾಳೆಹಣ್ಣಿನವರು, ಕುಂಕುಮವನ್ನು ಗೋಪುರದಂತೆ ಒಟ್ಟುವವರು. ಯಾರ ಪಕ್ಕ ಯಾರು ಕೂರುತ್ತಾರೆ ಎಂಬುದು ಇಂಜಿನಿಯರ್ ನಕ್ಷೆಯಲ್ಲಿ ಇರುವುದಿಲ್ಲ. ಕೆಲಸ ಮುಗಿಯುವವರೆಗಿನ ತಾತ್ಕಾಲಿಕ ಜಾಗವನ್ನು ಚೀಟಿ ಎತ್ತಿ ಹಂಚಿದರೆ ಅವತ್ತೇ ಆ ಸಾಲು ಹೋಯಿತು. ತೆರವಿಗೆ ಮುಂಚೆ ಮಳಿಗೆ ಸಂಖ್ಯೆ, ಅಳತೆ, ಸರಕು, ಎಡಬಲದವರು, ಎಷ್ಟನೇ ತಲೆಮಾರು, ಇಷ್ಟನ್ನಾದರೂ ವ್ಯಾಪಾರಿಗಳ ಎದುರಲ್ಲೇ ಬರೆದುಕೊಂಡು ಒಂದು ಪ್ರತಿಯನ್ನು ಅವರ ಕೈಗೂ ಕೊಡಿ.